ಹತ್ತರಲ್ಲಿ ಎಷ್ಟು ನೋವು?

ಏಲಕ್ಕಿ ಎಂದರೆ ನಮ್ಮವರಿಗೆಲ್ಲ ಪಾಯಸ ನೆನಪಾಗುತ್ತದೆ, ನನಗೆ ನಾರ್ವೆ. ಮೊನ್ನೆ ಇಲ್ಲಿ ಅಮೆರಿಕದಲ್ಲಿ, ಮಿಲ್ಪಿಟಾಸ್‌ನ ಗ್ರೋಸರಿ ಅಂಗಡಿಯಲ್ಲಿ ಯಾರದೋ ಕೈಯಿಂದ ಏಲಕ್ಕಿ ಪೊಟ್ಟಣ ಜಾರಿ ಒಡೆಯಿತು. ಆ ಘಮಕ್ಕೆ ಮೌಂಟನ್ ವ್ಯೂನ ನಮ್ಮ ಅಪಾರ್ಟ್‌ಮೆಂಟಿನ ಕೆಳಗಿನ ಮನೆ, ಅಲ್ಲಿ ಏಲಕ್ಕಿ ಹಾಕಿ ಬನ್ನು ಸುಡುತ್ತಿದ್ದ ನಾರ್ವೆಯ ನಟಿ ಅಜ್ಜಿ ಕಣ್ಣೆದುರು ಬಂದರು.

ಅವರು ನಗುನಗುತ್ತಲೇ ಹೋದರು ಎನ್ನುತ್ತಾರೆ ಎಲ್ಲರೂ. ನೋವೇ ಇರಲಿಲ್ಲವಂತೆ. ಸಾಕ್ಷಿ? ನಗುತ್ತಿದ್ದರು, ಅಷ್ಟೇ. ಜೀವಮಾನವೆಲ್ಲ ನಟಿಸಿ ಬದುಕಿದವರ ನಗುವನ್ನು ಸಾಕ್ಷಿ ಎಂದು ಒಪ್ಪುವುದಾದರೆ, ನಾನು ಶಾಲೆಯಲ್ಲಿ ಕಲಿತ ಡಿಬೇಟೆಲ್ಲ ದಂಡ.

ತಮ್ಮ ದೇಶದಲ್ಲಿ ಅವರು ಸಣ್ಣವರಲ್ಲ. ಹರೆಯದಲ್ಲಿ ಸಿನಿಮಾ, ಆಮೇಲೆ ವರ್ಷಗಟ್ಟಲೆ ಒಂದು ಟೀವಿ ಧಾರಾವಾಹಿಯಲ್ಲಿ ನರ್ಸು. ಓಸ್ಲೋದ ಟ್ರಾಮಿನಲ್ಲಿ ಜನ ಅವರನ್ನು ನಿಜವಾದ ನರ್ಸೆಂದೇ ನಂಬಿ ತೋಳು ಏರಿಸಿ ತಮ್ಮ ಗಾಯ ತೋರಿಸುತ್ತಿದ್ದರಂತೆ. ವಯಸ್ಸಾದ ಮೇಲೆ ಆ ಪಾತ್ರ ಯಾರಿಗೂ ಬೇಡವಾಯಿತು. "ಆ ನರ್ಸನ್ನ ಸಾಯಿಸಲಿಲ್ಲ, ಅಮೆರಿಕಕ್ಕೆ ಮಗಳ ಹತ್ತಿರ ಕಳಿಸಿದರು. ಧಾರಾವಾಹಿಯಲ್ಲಿ ಎರಡೂ ಒಂದೇ," ಎನ್ನುತ್ತಿದ್ದರು. ಕೆಲವು ವರ್ಷಗಳಲ್ಲಿ ತಾವೂ ನಿಜವಾಗಿ ಇಲ್ಲಿದ್ದ ಮಗಳ ಹತ್ತಿರ ಬಂದರು. ಇಲ್ಲಿ ಸಿಕ್ಕಿದ್ದು ಒಂದೇ ಪಾತ್ರ: ಜಾಹೀರಾತೊಂದರಲ್ಲಿ ಮಾತಿಲ್ಲದ ರಷ್ಯನ್ ಅಜ್ಜಿ...

ಡಿಬೇಟಿಗೆ ಹೋಗುವ ಮುನ್ನ ನಾನು ಅವರೆದುರು ಮಾತು ಒಪ್ಪಿಸುತ್ತಿದ್ದೆ. ಒಮ್ಮೆ ಗಂಟಲು ನಡುಗಿಸಿದಾಗ ಕೈಯೆತ್ತಿ ತಡೆದರು. "ನಿಜವಾಗಿ ಅಳೋರು ಅಳು ತಡೀತಾರೆ. ಅಳೋಕೆ ಒದ್ದಾಡೋದು ಕೆಟ್ಟ ನಟರು ಮಾತ್ರ." ಹುಬ್ಬಳ್ಳಿಯವಳಾದ ನನ್ನ ಅಮ್ಮನಿಗೆ ಇದನ್ನು ಹೇಳಿದರೆ, "ಹೌದು ಮತ್ತ! ಅವ್ರು ಹೇಳಿದ್ರ ಕೇಳ್ತಿ. ನಾ ನಾಟಕಾ ಮಾಡಬ್ಯಾಡ ಅಂದ್ರ ಮಾರಿ ಉಬ್ಬಸ್ತಿ," ಎಂದಳು.

ಆಮೇಲೆ ಅವರಿಗೆ ಹೊಟ್ಟೆನೋವು ಶುರುವಾಯಿತು. ಹತ್ತರಲ್ಲಿ ಎಷ್ಟು ನೋವು ಎಂದು ಡಾಕ್ಟರು ಕೇಳಿದರಂತೆ. ಇವರು ಒಂಬತ್ತು ಎಂದರು. ಪಕ್ಕದಲ್ಲಿದ್ದ ಮಗಳು, "ಅಮ್ಮ ಟೀವಿಯಲ್ಲಿದ್ದೋಳು ಡಾಕ್ಟರ್, ಅರ್ಧ ಕಳೆದುಬಿಡಿ," ಎಂದರಂತೆ. ಡಾಕ್ಟರೂ ನಕ್ಕರಂತೆ. ಇದನ್ನು ಹೇಳುವಾಗ ಅಜ್ಜಿ ಅವರಿಬ್ಬರ ನಗುವನ್ನೂ ಬೇರೆಬೇರೆಯಾಗಿ ನಕ್ಕು ತೋರಿಸಿದರು. ನನಗೂ ನಗು ಬಂತು. "ಇನ್ಮೇಲೆ ಎರಡು ಅಂತೀನಿ. ಎಲ್ಲರಿಗೂ ಇಷ್ಟ ಆಗೋದು ಅದೇ," ಎಂದರು.

ಹಾಗೆಯೇ ಹೇಳಿದರು. ಎರಡು. ಮುಂದಿನ ಸಲವೂ ಎರಡು. ಹಿಟ್ಟು ನಾದುತ್ತ ನಾದುತ್ತ ಮೇಜಿನ ಅಂಚು ಹಿಡಿದು ನಿಂತುಬಿಡುತ್ತಿದ್ದರು, ಬೆರಳ ತುದಿಗಳು ಬೆಳ್ಳಗಾಗುವಷ್ಟು ಬಿಗಿಯಾಗಿ... ಮಗಳ ಹೆಜ್ಜೆ ಕೇಳಿದರೆ ಹಾಡು ಗುನುಗುತ್ತಿದ್ದರು. ಒಂದು ಬೆಳಿಗ್ಗೆ ನಾನು ಆ ಮಗಳನ್ನು ಶಟಲ್ ನಿಲ್ಲುವ ಜಾಗದಲ್ಲೇ ಹಿಡಿದು ಹೇಳಿದೆ, ಅದು ಎರಡಲ್ಲ ಎಂದು. "ನೀನು ಬಿಡು, ಯಾವ ಪಕ್ಷಕ್ಕೆ ನಿಲ್ಲಿಸಿದರೂ ವಾದ ಮಾಡ್ತೀಯ," ಎಂದು ಬೆನ್ನು ತಟ್ಟಿ ಆಫೀಸಿನ ಬಸ್ಸು ಹತ್ತಿದರು. ನಟಿಯ ನೋವಿಗೆ ಬಂದ ಗತಿಯೇ ನನ್ನ ಮಾತಿಗೂ ಬಂತು.

ಕೆಟ್ಟವರಲ್ಲ ಅವರು. ರಜೆ ಹಾಕಿ ತಾಯಿಯನ್ನು ಆಸ್ಪತ್ರೆಗೆ ಕರೆದೊಯ್ದವರು, ರಾತ್ರಿಯೆಲ್ಲ ಕಾಲು ಒತ್ತಿದವರು. ಆದರೆ ಸ್ಕ್ಯಾನು ಮಾಡಿಸುವ ಹೊತ್ತಿಗೆ ಕ್ಯಾನ್ಸರು ಎಲ್ಲ ಕಡೆ ಹಬ್ಬಿತ್ತು. ಕೊನೆಯ ವಾರ ನರ್ಸು ಕೇಳಿದಾಗಲೂ ಅಜ್ಜಿ ಎರಡೇ ಎಂದರಂತೆ. ಮಗಳು ಇದನ್ನು ಹೆಮ್ಮೆಯಿಂದ ಹೇಳುತ್ತಾರೆ.

ಕೆಳಗಿನ ಮನೆಯಲ್ಲಿ ಈಗ ಬೇರೆ ಯಾರೋ ಇದ್ದಾರೆ. ಮೆಟ್ಟಿಲಿಳಿಯುವಾಗ ಇವತ್ತಿಗೂ ಆ ಬಾಗಿಲ ಮುಂದೆ ನನ್ನ ಕಾಲು ನಿಧಾನವಾಗುತ್ತದೆ... ಮಗಳು ಹತ್ತಿರದ ಸರಟೋಗಾಕ್ಕೆ ಮನೆ ಬದಲಿಸಿದರು. ಅಜ್ಜಿ ಹೋಗಿ ವರ್ಷವಾದ ನೆನಪಿಗೆ ಅಲ್ಲಿ ನಾಲ್ಕು ಜನರನ್ನು ಸೇರಿಸುತ್ತಿದ್ದಾರೆ. "ನೀನು ಚೆನ್ನಾಗಿ ಮಾತಾಡ್ತೀಯ, ಅಮ್ಮ ನೋವಿಲ್ಲದೆ ಹೋದದ್ದನ್ನ ನೀನೇ ಹೇಳಬೇಕು," ಎಂದು ಮೆಸೇಜು ಬಂದಿತ್ತು. ಬರೆಯಲು ಕೂತೆ, ಆಗಲಿಲ್ಲ. ಬದಲಿಗೆ ಒಂದು ಪ್ರಶ್ನೆ ಕಳಿಸಿದೆ. ಓದಿದ ಗುರುತು ಬಿದ್ದಿದೆ.

"ಒಂಬತ್ತು ಅಂದಾಗ ನಟನೆ ಅಂದಿರಿ. ಎರಡು ಅಂದಾಗ, ಇದೂ ನಟನೆ ಇರಬಹುದು ಅಂತ ನಿಮಗೆ ಒಂದು ಸಲವೂ ಅನ್ನಿಸಲಿಲ್ವಾ?"