ಸೋಮ ಹೊರದ ವರ್ಷ

ಬೆಳ್ಳೂರು ಕ್ರಾಸಿನಲ್ಲಿ ನಮ್ಮದೊಂದು ದೋಸೆ ಹೋಟೆಲಿದೆ. ಯುಗಾದಿ ಕಳೆದು ಊರಹಬ್ಬ ಸಾರಿದರೆಂದರೆ ಅದಕ್ಕೆ ಬೀಗ. ದೇವಲಾಪುರದ ಕಡೆಯ ನಮ್ಮೂರಿನಲ್ಲಿ ದೇವಿಯ ಬಂಟ ಸೋಮ ಅವಳ ಮುಂದೆ ಕುಣಿಯುತ್ತಾನೆ. ಅವನ ದೊಡ್ಡ ಮರದ ಮುಖವಾಡ ಹೊರುವುದು ನನ್ನ ಗಂಡನ ಮನೆತನ. ಮಾವನ ನಂತರ ಹೊರುತ್ತ ಬಂದವರು ನನ್ನ ಗಂಡ; ಹಬ್ಬ ಮುಗಿಯುವವರೆಗೆ ಅವರು ಚಪ್ಪಲಿ ಮೆಟ್ಟುವಂತಿಲ್ಲ, ಹೊರಗೆ ಉಣ್ಣುವಂತಿಲ್ಲ. ನಾವು ವಾಪಸು ಬರುವಷ್ಟರಲ್ಲಿ ಖಾಯಂ ಗಿರಾಕಿಗಳು ಪಕ್ಕದ ಹೋಟೆಲಿಗೆ ಒಗ್ಗಿಕೊಂಡಿರುತ್ತಾರೆ. ಮದುವೆಯಾದಾಗಿನಿಂದ ನಮ್ಮ ದುಡಿಮೆ ಹೀಗೇ, ಸೋಮ ಬಿಟ್ಟಷ್ಟು.

ಈ ವರ್ಷ ನನ್ನ ಗಂಡನ ಕತ್ತಿನ ಮೂಳೆ ಸವೆದಿದೆ, ತಲೆ ಮೇಲೆ ಭಾರ ಹೊರಬೇಡಿ ಎಂದರು ಡಾಕ್ಟರು. ಸ್ಕೂಲ್ ಬಸ್ಸು ಓಡಿಸುವ ನನ್ನ ಮೈದುನ ಸೋಮನನ್ನು ಹೊರಲು ಒಪ್ಪಿದ. "ನಾನ್ ಅಲ್ಲಿಗ್ ಬರಲ್ಲ ಕಣ್ಲಾ, ನೋಡ್ಕಂಡ್ ನಿಂತ್ಕಳಕ್ಕಾಗಲ್ಲ" ಎಂದು ತಮ್ಮನಿಗೆ ಹೇಳಿದ ಇವರು ಹಬ್ಬದ ದಿನವೇ ಹೋಟೆಲ್ ತೆರೆದರು.

ನಿಂತಲ್ಲಿ ನಿಲ್ಲಲಿಲ್ಲ. ಕಾವಲಿ ಒರೆಸಿದವರು ರಸ್ತೆಗೆ ಹೋದರು, ಬಂದರು, ಒರೆಸಿದ ಕಾವಲಿಯನ್ನೇ ಮತ್ತೆ ಒರೆಸಿದರು. ಹಿಟ್ಟಿನ ಡಬ್ಬದ ಮೇಲೆ ಸಟ್ಟುಗದಲ್ಲಿ ತಮಟೆ ಬಡಿದರು. ಗಿರಾಕಿಯೊಬ್ಬರು ಕೇಳಿದ್ದು ಮಸಾಲೆ, ಇವರು ಕೊಟ್ಟಿದ್ದು ಖಾಲಿ ದೋಸೆ. ನನಗೂ ಚಡಪಡಿಕೆ, ಹಾಕಿದ ಚಟ್ನಿಗೇ ಮತ್ತೆ ಉಪ್ಪು ಹಾಕಿದ್ದೆ. ಬಿಸಿಲೇರುವ ಹೊತ್ತಿಗೆ ಅವರೇ ಒಲೆ ಆರಿಸಿದರು.

"ಬಾಗ್ಲಾಕು, ಓಗವ."

ಊರು ತಲುಪಿದಾಗ ಸೋಮ ನಮ್ಮ ಬೀದಿಗೆ ತಿರುಗುತ್ತಿದ್ದ. ಮುಖವಾಡದ ಸಣ್ಣ ಕಂಡಿಯಿಂದ ದಾರಿ ಸರಿಯಾಗಿ ಕಾಣದೆ ಮೈದುನನ ಕಾಲು ತೊಡರುತ್ತಿತ್ತು. ಇವರು ಜನರನ್ನು ಸರಿಸಿಕೊಂಡು ಮುಂದೆ ಹೋಗಿ, ಸೋಮನಿಗೆ ಎದುರಾಗಿ ನಿಂತು ಹಿಂದಕ್ಕೆ ಹೆಜ್ಜೆ ಹಾಕತೊಡಗಿದರು.

"ಕೆಳಿಕ್ ನೋಡ್ಬ್ಯಾಡ ಕಣ್ಲಾ. ನನ್ ಮಾತ್ ಕೇಳ್ಕಂಡ್ ಬಾ. ಎಡಕ್ಕೆ... ನಿಂತ್ಕ... ಈಗ ಕುಣಿ."

ಮೈದುನ ಕುಣಿದ.

ಪ್ರತಿ ವರ್ಷ ಸೋಮ ನಮ್ಮ ಬಾಗಿಲಿಗೆ ಬಂದಾಗ ನಾನೊಬ್ಬಳೇ ಕಾಲು ತೊಳೆದು ಆರತಿ ಎತ್ತುತ್ತಿದ್ದೆ. ಗಂಡ ಆ ಮುಖವಾಡದೊಳಗಿರುತ್ತಿದ್ದರು, ಮಾತಾಡಿಸುವಂತಿರಲಿಲ್ಲ. ಈ ಸಲ ನನ್ನ ಪಕ್ಕ ನಿಂತು ಆರತಿ ತಟ್ಟೆ ಹಿಡಿದರು. ಕಣ್ಣು ಸೋಮನ ಮೇಲೇ ಇದ್ದು ತಟ್ಟೆ ವಾಲಿ ಎಣ್ಣೆ ಚೆಲ್ಲಿತು.

"ಅಪ್ಪ ಒತ್ತಾಗ ನೋಡಿದ್ದು. ಎಂಗ್ ಕಾಣ್ತದೆ ಅನ್ನೋದೇ ಮರ್ತೋಗಿತ್ತು" ಎಂದರು ಮೆಲ್ಲಗೆ. ನನಗೆ ಸೋಮನನ್ನು ನೋಡಬೇಕೋ ಇವರನ್ನೋ ತಿಳಿಯಲಿಲ್ಲ.

ಮರುದಿನ ಬೆಳಿಗ್ಗೆ ಮೈದುನ ಕತ್ತು ಹಿಡಿದುಕೊಂಡು ಬಂದ. "ಅಣ್ಣ, ಮುಂದ್ಲೊರ್ಸ ನೀನೇ ಒತ್ಕೊ."

"ಆಗಲ್ಲ ಬುಡು. ನಿಂಗೇ ಕಲಿಸ್ತೀನಿ" ಎಂದವರೇ ತಮ್ಮನ ತಲೆಯ ಮೇಲೆ ತುಂಬಿದ ಬಿಂದಿಗೆಯಿಟ್ಟು ಅಂಗಳದಲ್ಲಿ ಹೆಜ್ಜೆ ಹಾಕಿಸತೊಡಗಿದರು. ಕ್ರಾಸಿಗೆ ಹೋಗುವ ಬಸ್ಸಿನ ಹೊತ್ತು ಮೀರುತ್ತಿತ್ತು. ಕಾದು ಸಾಕಾಗಿ ನಾನು ಬೀಗದ ಕೈ ತೆಗೆದುಕೊಂಡು ಹೊರಟೆ. ಅಂದು ಹೋಟೆಲನ್ನು ಮೊದಲ ಬಾರಿಗೆ ನಾನೊಬ್ಬಳೇ ತೆರೆದೆ.