ನೀರು ಹಾಕಬಾರದ ಗಿಡ

"ಗುರುಬಸವ್ವಾ, ಈ ಟೊಂಗಿ ನೋಡ್ರಿ. ಸತ್ತದ್ದರಂಗ ಕಾಣತೈತಿ, ಖರೆ ಸತ್ತಿಲ್ಲ. ಹಾಲಸಂಪಿಗಿ ಅಂದ್ರ ಹಿಂಗ. ಕಡದ ಕೂಡ್ಲೇ ಹಾಲ ಸುರಸತೈತಿ. ಆ ಹಾಲ ನಿಂದ್ರೂತನಕ ಅದಕ್ಕ ಮಣ್ಣ ತೋರಸಬಾರ್ದು. ನೆರಳಾಗ ಹದಿನೈದು ದಿನ, ತಿಂಗಳಾದ್ರೂ ಅಡ್ಡಿಯಿಲ್ಲ, ಸುಮ್ಮ ಒಗದ ಬಿಡಬೇಕು. ಕಡದ ಗಾಯ ಒಣಗಿ ಗಟ್ಟಿ ಆಗಬೇಕು. ಇದು ಆಗೈತಿ, ಬೆರಳ ಹಚ್ಚಿ ನೋಡ್ರಿ. ಕುಣಿ ನಾ ತಗೀತೇನಿ. ತಳಕ್ಕ ಗರಸ ಹಾಕ್ತೇನಿ, ಮ್ಯಾಲ ಬಿದ್ದ ಗ್ವಾಡಿ ಹಾಳ ಮಣ್ಣ. ಆಮ್ಯಾಲ ನೀವು ಮಾಡೂದು ಒಂದ ಕೆಲಸ. ನೀರ ಹಾಕಬಾರ್ದು. ಕೊಡಾ ತಗೊಂಡ ಅದರ ಮುಂದ ಹಾದ ಹೋಗಬಾರ್ದು. ಎಲಿ ಬರವಲ್ದಲ್ಲಾ ಅಂತ ಕರಳ ಚುರ್ ಅನ್ನತೈತಿ, ಆದ್ರೂ ಹಾಕಬಾರ್ದು. ಬಿಸಲ ಇಷ್ಟ ಸುಡಾಕತ್ತೈತಿ, ನಮಗ ನೀರಡಿಕಿ ಆಗತೈತಿ, ಅದಕ್ಕ ಆಗೂದಿಲ್ಲೇನು ಅಂತ ಅನಸತೈತಿ. ಆಗೂದಿಲ್ಲ. ಅದರ ಹೊಟ್ಯಾಗ ಅದರ ಪುರತೇಕ ನೀರ ಐತಿ. ಬೇರ ಬಿಡೂಕಿಂತ ಮೊದಲ ನಮ್ಮ ನೀರ ಬಿತ್ತಂದ್ರ ಬುಡ ಕೊಳೀತೈತಿ, ಒತ್ತಿದ್ರ ಬಾಳಿಹಣ್ಣಿನಂಗ ಬೆರಳ ಒಳಗ ಹೋಗತೈತಿ. ಮೂವತ್ತ ವರ್ಷ ಮಾಲಿ ಕೆಲಸ ಮಾಡೇನಿ, ಎಷ್ಟ ಮಂದಿಗೆ ಈ ಮಾತ ಹೇಳೇನೋ. ಮನ್ಯಾಗ ಒಬ್ಬಾಕಿಗೆ ಹೇಳಾಕ ಆಗವಲ್ದು. ಅದಕ್ಕ ನಿಮ್ಮ ಹಂತ್ಯಾಕ ತಂದೇನಿ. ಇದರ ಮ್ಯಾಲ ಬ್ಯಾರೆ ಟೊಂಗಿ ಇಲ್ಲ. ಇದ ಕಡೀಕಿನ ಟೊಂಗಿ."

ಲಾಡಲೇಸಾಬ ಒಂದೇ ಉಸಿರಿಗೆ ಇಷ್ಟು ಮಾತಾಡಿದ್ದನ್ನು ನಾನು ಅದಕ್ಕೂ ಮೊದಲು ಕೇಳಿರಲಿಲ್ಲ. ನಲವತ್ತಾರನೇ ಇಸವಿಯ ಬೇಸಿಗೆ ಅದು. ಯುದ್ಧ ಮುಗಿದಿತ್ತು, ರೇಶನ್ ಅಂಗಡಿಯ ಪಾಳಿ ಮುಗಿದಿರಲಿಲ್ಲ. ಗೋಣಿತಟ್ಟಿನಲ್ಲಿ ಸುತ್ತಿದ ಮೊಳದುದ್ದದ ಟೊಂಗೆಯನ್ನು ನಮ್ಮ ಕಟ್ಟೆಯ ಮೇಲಿಟ್ಟು ಹೇಳಿದ. ಹೇಳಿ ಮುಗಿಸಿ ನನ್ನ ಮುಖ ನೋಡಲಿಲ್ಲ, ಟೊಂಗೆಯನ್ನೇ ನೋಡುತ್ತ ಕೂತ.

ನಮ್ಮ ಓಣಿ ವಿಜಾಪುರದ ಕೋಟೆಬಾಗಿಲು ಶಹಾಪೂರ ಅಗಸಿಯ ಒಳಗೆ. ನಮ್ಮ ಮನೆಯ ಎದುರಿಗೆ ಬಾವಿ, ಬಾವಿಯ ಆಚೆ ಲಾಡಲೇಸಾಬನ ಮನೆ. ಆತ ಮೂಲತಃ ತಿಕೋಟಾದವನು. ಇಪ್ಪತ್ತರ ವಯಸ್ಸಿನಲ್ಲಿ ಬಂದು, ಊರ ಹೊರಗಿನ ಒಬ್ಬ ಸಾಹೇಬರ ಬಂಗಲೆಯಲ್ಲಿ ಮಾಲಿಯಾಗಿ ಸೇರಿದ್ದ. ಸಾಹೇಬರು ಬದಲಾಗುತ್ತಿದ್ದರು, ಮಾಲಿ ಅವನೇ. ಆ ಬಂಗಲೆಯ ಮುಂದಿನ ಗುಲಮೊಹರು, ಹಿಂದಿನ ಆಕಾಶಮಲ್ಲಿಗೆ, ಎಲ್ಲವೂ ಅವನ ಕೈಯಲ್ಲೇ ದೊಡ್ಡವಾದವು. ಓಣಿಯ ಹೆಂಗಸರು ಬಾಡಿದ ತುಳಸಿಯನ್ನೋ ಮಲ್ಲಿಗೆಯನ್ನೋ ತೋರಿಸಲು ಅವನನ್ನೇ ಕರೆಯುತ್ತಿದ್ದರು. ಬಂದು ಬಗ್ಗಿ ಬೆರಳಿನಿಂದ ಮಣ್ಣು ಕೆದರಿ ನೋಡಿ ಬಯ್ಯುತ್ತಿದ್ದ.

"ನೀವು ಮಲ್ಲಿಗಿ ಬೆಳಸಾಕತ್ತೀರೋ, ಎಮ್ಮಿ ಸಾಕಾಕತ್ತೀರೋ? ಇಷ್ಟ ನೀರ ಯಾಕ ಬೇ?"

ನಮ್ಮದು ನೀರಿಗೆ ಬಾಯಿ ಬಿಡುವ ನಾಡು. ಯಾರ ಮೇಲೆ ಪ್ರೀತಿ ಇದೆಯೋ ಅವರಿಗೆ ಮೊದಲು ಒಂದು ತಂಬಿಗೆ ನೀರು ಕೊಟ್ಟು ಗೊತ್ತು ನಮಗೆ. ನಾನು ಬಬಲೇಶ್ವರದಿಂದ ಸೊಸೆಯಾಗಿ ಬಂದವಳು. ನೀರು ಹೆಚ್ಚಾಗಿ ಗಿಡ ಸಾಯುತ್ತದೆಂಬುದನ್ನು ಲಾಡಲೇಸಾಬನ ಬಾಯಿಂದ ಕೇಳಿದಾಗಲೇ ನಂಬಿದ್ದು.

ಅವನ ಹೆಂಡತಿ ಬೀಬಿಜಾನ. ಅವರಿಗೆ ಒಬ್ಬಳೇ ಮಗಳು, ರೋಶನಬಿ. ಪ್ರತಿ ಬೇಸಿಗೆಗೆ ಆ ಹುಡುಗಿ ತಿಕೋಟಾಕ್ಕೆ ಚಿಕ್ಕಪ್ಪ ಅಬ್ದುಲಸಮದನ ಮನೆಗೆ ಹೋಗುತ್ತಿದ್ದಳು. ಆ ಮನೆಯ ಮುಂದೆ ಒಂದು ಹಳೆಯ ಹಾಲುಸಂಪಿಗೆ. ದಿನವೆಲ್ಲ ಅದರ ಕೆಳಗೇ ಅವಳ ಆಟ. ತಿರುಗಿ ಬರುವಾಗ ಅರಿವೆಯ ಗಂಟಿನಲ್ಲಿ ನನಗೂ ಹೂ ತರುತ್ತಿದ್ದಳು.

"ಅತ್ತಿ, ಕಣ್ಣ ಮುಚ್ಚ. ಇದರ ಹಾಲ ಬಿದ್ರ ಕಣ್ಣ ಹೋಗತಾವಂತ, ನಮ್ಮಪ್ಪ ಹೇಳ್ಯಾನ" ಎಂದು ನನ್ನ ಕಣ್ಣು ಮುಚ್ಚಿಸಿ, ತಾನೇ ಕಿವಿಯ ಮೇಲೆ ಹೂ ಸಿಕ್ಕಿಸಿ ನಗುತ್ತಿದ್ದಳು. ನಾನು ಲಿಂಗಾಯತರ ಸೊಸೆ, ಅವಳು ಮಾಲಿಯ ಮಗಳು. ಅತ್ತಿ ಎನ್ನುವುದನ್ನು ಅವಳಿಗೆ ಯಾರೂ ಕಲಿಸಿರಲಿಲ್ಲ.

ನಲವತ್ನಾಲ್ಕರ ಮಳೆಗಾಲದಲ್ಲಿ ಊರಿಗೆ ವಾಂತಿಭೇದಿ ಬಂತು. ನಮ್ಮ ಓಣಿಯಲ್ಲಿ ಮೂರು ಮನೆ ಹಿಡಿಯಿತು. ಮೂರನೆಯದು ಇವರದು. ರೋಶನಬಿಗೆ ಆಗ ಹನ್ನೆರಡು ವರ್ಷ.

ಬೆಳಿಗ್ಗೆ ಹಿಡಿದದ್ದು ಮಧ್ಯಾಹ್ನದ ಹೊತ್ತಿಗೆ ಹುಡುಗಿಯ ಕಣ್ಣನ್ನು ಒಳಗೆ ಎಳೆದುಕೊಂಡಿತ್ತು. ನಾನು ಅಲ್ಲೇ ಇದ್ದೆ. ಅವಳು ಕೇಳುತ್ತಿದ್ದುದು ಒಂದೇ.

"ಅಮ್ಮಾ, ನೀರ. ಒಂದ ಗುಟುಕ ನೀರ."

ಆ ಬೇನೆಗೆ ನೀರು ಕೊಟ್ಟರೆ ವಾಂತಿ ಹೆಚ್ಚುತ್ತದೆ, ಜೀವ ಹೋಗುತ್ತದೆ ಎಂದು ಆಗ ಎಲ್ಲರೂ ಹೇಳುತ್ತಿದ್ದರು. ಮದ್ದು ಕೊಡುವ ಮುದುಕ ಹೇಳಿದ, ನೆರೆಯವರು ಹೇಳಿದರು, ನಾನೂ ಹೇಳಿದೆ. ಬೀಬಿಜಾನ ತಡೆಯಲಾರದೆ ತಂಬಿಗೆ ಎತ್ತಿದಳು. ಲಾಡಲೇಸಾಬ ಆಕೆಯ ಕೈ ಹಿಡಿದ.

"ಬ್ಯಾಡ ಬೀಬಿ. ನೀರ ಹಾಕಬ್ಯಾಡ. ಹುಡುಗಿ ಉಳೀಬೇಕಂದ್ರ ಹಾಕಬ್ಯಾಡ."

ಆಕೆ ಸೆರಗಿನ ತುದಿ ತೋಯಿಸಿ ಮಗಳ ತುಟಿಗೆ ಹಚ್ಚಿದಳು. ಅಷ್ಟೇ. ಹುಡುಗಿ ಆ ಸೆರಗನ್ನು ಹಲ್ಲಿನಲ್ಲಿ ಹಿಡಿದುಕೊಂಡಳು, ಬಿಡಿಸಬೇಕಾಯಿತು. ಹೊತ್ತು ಇಳಿಯುವುದರೊಳಗೆ ಎಲ್ಲ ಮುಗಿಯಿತು.

ಎಂಟು ದಿನ ಕಳೆದ ಮೇಲೆ ಬಾವಿಗೆ ಔಷಧ ಹಾಕಲು ಒಬ್ಬ ಬಂದ. ಪುಡಿ ಕಲಸುತ್ತ ಹೆಂಗಸರಿಗೆ ಬುದ್ಧಿ ಹೇಳುವ ಹಾಗೆ ಹೇಳಿದ: "ಬ್ಯಾನಿ ಹಿಡದವರಿಗೆ ಕಾಸಿ ಆರಿಸಿದ ನೀರ ಕೊಡ್ರಿ. ಕೇಳಿದಷ್ಟ ಕೊಡ್ರಿ. ನೀರ ಇಲ್ಲದಕ್ಕ ಮಂದಿ ಸಾಯ್ತಾರ." ಬೀಬಿಜಾನ ಅಲ್ಲೇ ಕೊಡ ತುಂಬುತ್ತಿದ್ದಳು. ತುಂಬಿದ ಕೊಡವನ್ನು ಸೊಂಟಕ್ಕೇರಿಸಿ, ಮನೆಯ ಕಡೆಗೆ ತಿರುಗದೆ ಅಗಸಿಯ ಕಡೆಗೆ ನಡೆದಳು. ಮಗಳನ್ನು ಮಣ್ಣು ಮಾಡಿದ್ದು ಅಗಸಿಯ ಹೊರಗಿನ ಕಬರಸ್ತಾನದಲ್ಲಿ.

ಅಂದಿನಿಂದ ದಿನಾ ಮುಂಜಾನೆ ಮಗಳ ಗೋರಿಗೆ ಒಂದು ಕೊಡ. ಹೆಂಗಸರು ಕಬರಸ್ತಾನದೊಳಗೆ ಹೋಗುವ ರೂಢಿ ಅವರಲ್ಲಿ ಇಲ್ಲ. ಅಲ್ಲಿ ಕಾಯುತ್ತಿದ್ದ ಮುದುಕ ಸೈಫುದ್ದೀನ ಎರಡು ದಿನ ತಡೆದು ನೋಡಿದ. ಮೂರನೆಯ ದಿನದಿಂದ ಆಕೆ ಬರುವ ಹೊತ್ತಿಗೆ ಗೋಡೆಯ ಕಡೆಗೆ ಮುಖ ಮಾಡಿ ಬೀಡಿ ಹಚ್ಚತೊಡಗಿದ.

ನಲವತ್ತು ದಿನ ಕಳೆದ ಮೇಲೆ ಲಾಡಲೇಸಾಬ ತಿಕೋಟಾದ ಗಿಡದಿಂದ ಒಂದು ಟೊಂಗೆ ತಂದ. ಹದಿನೈದು ದಿನ ನೆರಳಿನಲ್ಲಿ ಒಣಗಿಸಿ, ಮಗಳ ತಲೆಯ ಕಡೆಗೆ ಊರಿದ. ಎರಡು ಎಲೆ ಕಣ್ಣು ಬಿಟ್ಟವು. ಬೀಬಿಜಾನ ಅದನ್ನು ನೋಡಿ ಬಂದ ದಿನ ಮೊದಲ ಸಲ ಹೊಟ್ಟೆ ತುಂಬ ಉಂಡಳು. ಕೊಡವನ್ನು ಆ ಟೊಂಗೆಯ ಬುಡಕ್ಕೇ ಸುರಿಯತೊಡಗಿದಳು. ತಿಂಗಳೊಳಗೆ ಅದು ಕೊಳೆತು ವಾಲಿತು.

"ಮಣ್ಣ ಸರಿಯಿಲ್ಲ ಅಲ್ಲೆ" ಎಂದ ಲಾಡಲೇಸಾಬ. ಇನ್ನೊಂದು ಟೊಂಗೆ ತಂದ. ಅದೂ ಕೊಳೆಯಿತು. ಮತ್ತೊಂದು. ಎರಡು ವರ್ಷದಲ್ಲಿ ಹಾಗೆ ಐದು ಟೊಂಗೆ ಹೋದವು. ಬಂಗಲೆಯ ಟಾಂಗಾದವನು ಚಾಷ್ಟಿ ಮಾಡುತ್ತಿದ್ದ: "ಏನ ಮಾಲಿಸಾಬ, ಕೈಗುಣ ಎಲ್ಲಾ ಸಾಹೇಬರ ಗುಲಾಬಿಗೆ ಖರ್ಚ ಮಾಡಿದೇನು?" ಲಾಡಲೇಸಾಬ ಅದನ್ನೂ ಕೇಳಿಸಿಕೊಂಡ. ಒಂದು ದಿನ ಬಾವಿಯ ಹತ್ತಿರ ಬೀಬಿಜಾನಳೇ ಎಲ್ಲರ ಮುಂದೆ ಕೇಳಿದಳು.

"ಊರ ಮಂದಿ ಗಿಡಕ್ಕೆಲ್ಲಾ ನಿಮ್ಮ ಕೈ ಹತ್ತತೈತಿ. ಮಗಳದಕ್ಕ ಯಾಕ ಹತ್ತವಲ್ದು? ಅಕಿ ಮ್ಯಾಲ ಸಿಟ್ಟ ಐತೇನು ನಿಮಗ?"

ಆತ ಹಗ್ಗ ಸುತ್ತುತ್ತ ನಿಂತ. ಆಕೆ ಹೋದ ಮೇಲೆ ನಾನು ಕೇಳಿದೆ.

"ನೀರ ಹಾಕೂದಕ್ಕ ಕೊಳ್ಯಾಕತ್ತಾವು, ಹೌದಿಲ್ಲೋ? ನಮಗೆಲ್ಲಾ ಬಯ್ತೀರಿ. ಅಕಿಗೆ ಒಂದ ಮಾತ ಹೇಳಬಾರ್ದೇನು?"

"ಆ ಮಾತ ಒಮ್ಮೆ ಹೇಳೇನಲ್ಲ ಬೇ ಅಕಿಗೆ" ಎಂದ. "ನೀವೂ ಇದ್ರಿ ಅಲ್ಲೆ. ಹಾಕಬ್ಯಾಡ ಅಂದೆ, ಹುಡುಗಿ ಹೋತು. ಮತ್ತ ಅದ ಬಾಯಿಲೆ ಹಾಕಬ್ಯಾಡ ಅನ್ಲಿ?"

"ಹಂಗಾರ ತಳಕ್ಕ ಗರಸ ಹಾಕ್ರಿ, ನೀರ ಇಳದ ಹೋಗತೈತಿ."

"ಅದಕ್ಕ ಆಳ ತಗೀಬೇಕು. ಅಕಿ ತಲಿ ಹಂತ್ಯಾಕ ಹಾರಿ ಹಾಕ್ಲೇನು ನಾನು?"

ನಾನು ಕೊಡ ಎತ್ತಿಕೊಂಡು ಮನೆಗೆ ನಡೆದೆ.

ಅತ್ತ ತಿಕೋಟಾದಲ್ಲಿ ಅಬ್ದುಲಸಮದನ ಹೆಂಡತಿಗೆ ಅಂಜಿಕೆ ಹುಟ್ಟಿತು. ಟೊಂಗೆಗಳೆಲ್ಲ ಕಬರಸ್ತಾನಕ್ಕೆ ಹೋಗುವ ಗಿಡ ಮನೆಯ ಮುಂದೆ ಯಾಕೆ, ನಮ್ಮ ಮಕ್ಕಳೂ ಅದರ ಕೆಳಗೇ ಆಡುತ್ತವೆ ಎಂದು ಹಟ ಹಿಡಿದಳು. ನಲವತ್ತಾರರ ಬೇಸಿಗೆಯಲ್ಲಿ ಲಾಡಲೇಸಾಬ ಹೋಗಿ ನೋಡಿದರೆ ಗಿಡ ಇದ್ದಲ್ಲಿ ಹೊಸ ಕಟ್ಟೆ. ಕಡಿದು ತಿಂಗಳಾಗಿತ್ತು. ಬುಡ ಕಿತ್ತು ಸುಟ್ಟಿದ್ದರು. ಅಬ್ದುಲಸಮದ ಅಣ್ಣನ ಮುಖ ನೋಡಲಾರದೆ ಮಾಳಿಗೆ ಹತ್ತಿ ಒಂದು ಟೊಂಗೆ ತಂದು ಕೊಟ್ಟ.

"ನಿನಗಂತ ಒಂದ ತಗದ ಇಟ್ಟಿದ್ದೆ ಅಣ್ಣಾ. ಉಳದದ್ದು ತಡ್ಯಾಕ ಆಗ್ಲಿಲ್ಲ."

ವಿಜಾಪುರದಲ್ಲಿ ಹಾಲುಸಂಪಿಗೆಗೆ ಬರವಿಲ್ಲ, ದರ್ಗಾಕ್ಕೆ ಒಂದೊಂದಿವೆ. ಆದರೆ ಹುಡುಗಿ ಆಡಿದ ಗಿಡದ್ದು ಅದೊಂದೇ ಟೊಂಗೆ. ಅದನ್ನು ಊರುವ ಮೊದಲು ಬೀಬಿಜಾನಳಿಗೆ ಹೇಳಲೇಬೇಕು ಎಂದು ಗಟ್ಟಿ ಮಾಡಿಕೊಂಡೇ ಮರುದಿನ ಮುಂಜಾನೆ ಕಬರಸ್ತಾನಕ್ಕೆ ಹೋಗಿದ್ದನಂತೆ. ಅಲ್ಲಿ ನಡೆದದ್ದನ್ನು ಸೈಫುದ್ದೀನ ಆಮೇಲೆ ನಮ್ಮ ಕಟ್ಟೆಯ ಮೇಲೆ ಕೂತು ಹೇಳಿದ. ಆ ದಿನ ಅವನು ಗೋಡೆಯ ಕಡೆಗೆ ತಿರುಗಿರಲಿಲ್ಲ.

ಕುಣಿ ತೆಗೆದಾಗಿತ್ತು. ಬೀಬಿಜಾನ ಕೊಡ ಹೊತ್ತು ಬಂದಳು. ಮೊಣಕಾಲೂರಿ ಕೂತು, ನೀರು ರಭಸದಿಂದ ಬೀಳಬಾರದೆಂದು ಕೊಡದ ಬಾಯಿಗೆ ಅಂಗೈ ಒಡ್ಡಿ, "ಕುಡಿ ನನ್ನವ್ವಾ, ನಿಧಾನಕ ಕುಡಿ" ಎಂದಳು. ಇದು ದಿನದ ಮಾತು ಆಕೆಯದು.

"ಬೀಬೀ" ಎಂದ ಲಾಡಲೇಸಾಬ.

"ಏನ್ರಿ?"

ಆತ ಟೊಂಗೆಯನ್ನು ತಿರುಗಿ ಗೋಣಿತಟ್ಟಿನಲ್ಲಿ ಸುತ್ತಿಟ್ಟ.

"ಏನಿಲ್ಲ. ಕೊಡಾ ವಜ್ಜಿ ಆಗೈತಿ, ತಾ ಇಲ್ಲೆ."

ಅಲ್ಲಿಯವರೆಗೆ ಒಂದು ದಿನವೂ ಅವನು ಅಲ್ಲಿ ನೀರು ಸುರಿದವನಲ್ಲ. ಅಂದು ಕೊಡ ತಗೊಂಡು, ಆಕೆಯ ಹಾಗೆಯೇ ಅಂಗೈ ಒಡ್ಡಿ, ಪೂರ್ತಿ ಸುರಿದ. ಟೊಂಗೆಗೆಂದು ತೆಗೆದ ಕುಣಿಗೂ ನೀರು ಹರಿಯಿತು.

"ಗಿಡಾ ಹಚ್ಚೂದಿಲ್ಲೇನು?" ಎಂದಳು ಆಕೆ.

"ಈ ಮಣ್ಣಿಗೆ ಅದು ಬರೂದಿಲ್ಲ. ಗುರುಬಸವ್ವಗ ಕೊಡತೇನಿ."

"ಕೊಡ್ರಿ. ಹುಡುಗಿ ಹೂವ ಎಲ್ಲೆ ಕೇಳಿತ್ತು? ಅದು ಕೇಳಿದ್ದು ನೀರ."

ಅವತ್ತೇ ಆತ ನಮ್ಮ ಕಟ್ಟೆಗೆ ಬಂದದ್ದು.

ಆತ ಹೇಳಿದ ಹಾಗೆ ನಾನು ಮಾಡಿದೆ. ಅದು ಎಷ್ಟು ಕಷ್ಟ ಎಂಬುದು ಮಾಡಿದಾಗಲೇ ತಿಳಿಯಿತು. ಮೃಗಶಿರಾ ಮಳೆ ಹಿಡಿದರೆ ಅದರ ಬುಡಕ್ಕೆ ಹಂಚು ಮುಚ್ಚುತ್ತಿದ್ದೆ. ನಮ್ಮ ಅತ್ತೆ ಆಡಿಕೊಳ್ಳುತ್ತಿದ್ದರು: "ಏನ ಬೇ, ಒಣಕಟ್ಟಿಗಿ ಹುಗದ ಕಾವಲ ಕುಂತಿ? ಒಲಿಗೆ ಹಾಕಿದ್ರ ಎರಡ ರೊಟ್ಟಿ ಬೇಯತಿದ್ವು." ಲಾಡಲೇಸಾಬ ಬಾವಿಗೆ ಬಂದಾಗೊಮ್ಮೆ ದೂರದಿಂದಲೇ ನೋಡಿ ಹೋಗುತ್ತಿದ್ದ, ಹತ್ತಿರ ಬರುತ್ತಿರಲಿಲ್ಲ. ಆರಿದ್ರಾ ಹೊತ್ತಿಗೆ ತುದಿಯಲ್ಲಿ ಬೆಕ್ಕಿನ ಉಗುರಿನಷ್ಟು ಹಸಿರು ಕಂಡಿತು. ಅದನ್ನು ಹೇಳಲು ಹೋದಾಗ ಆತ ತಲೆ ಅಲ್ಲಾಡಿಸಿ, ರುಮಾಲಿನ ಚುಂಗಿನಿಂದ ಮುಖ ಒರೆಸಿಕೊಂಡು, ಕೆಲಸಕ್ಕೆ ಹೋದ.

ಎರಡು ವರ್ಷಕ್ಕೆ, ನಲವತ್ತೆಂಟರ ಬೇಸಿಗೆಯಲ್ಲಿ, ಗಿಡ ನನ್ನ ಎದೆಮಟ್ಟಕ್ಕೆ ಬಂದು ಮೊದಲ ಗೊಂಚಲು ಬಿಟ್ಟಿತು. ಬಿಳಿ ಎಸಳು, ನಡುವೆ ಹಳದಿ. ನೀರಿಗೆ ಬಂದ ಬೀಬಿಜಾನ ಖಾಲಿ ಕೊಡ ಹಿಡಿದುಕೊಂಡೇ ನಮ್ಮ ಅಂಗಳಕ್ಕೆ ನಡೆದು ಬಂದಳು. ಹೂವನ್ನು ಮುಟ್ಟಲಿಲ್ಲ, ಮೂಸಿ ನೋಡಿದಳು.

"ಅದ ಗಿಡಾ. ಅದ ವಾಸನಿ" ಎಂದಳು. "ಇದಕ್ಕ ಏನ ಮಾಡಿದ್ರಿ ನೀವು?"

"ನಾ ಏನೂ ಮಾಡ್ಲಿಲ್ಲ ಬೀಬಿಜಾನ."

ಮೂವತ್ತು ವರ್ಷ ಮಾಲಿಯ ಜೊತೆ ಬಾಳಿದವಳು. ಕೂತು, ಗಂಡ ಮಾಡುತ್ತಿದ್ದ ಹಾಗೆಯೇ, ಬೆರಳಿನಿಂದ ಬುಡ ಕೆದರಿದಳು. ಮಣ್ಣು ಹಿಟ್ಟಿನಂತೆ ಉದುರಿತು.

"ಒಮ್ಮೆನೂ ನೀರ ಹಾಕಿಲ್ಲ?"

"ಇಲ್ಲ."

"ಹಾಕಬಾರ್ದು ಅಂತ ಅವರ ಹೇಳಿದ್ರೇನು?"

ಸುಳ್ಳು ಹೇಳಬೇಕೆಂದುಕೊಂಡೆ. ಆಗಲಿಲ್ಲ, ಹೌದೆಂದು ಗೋಣು ಹಾಕಿದೆ.

ಆಕೆ ಎದ್ದೇಳಲಿಲ್ಲ. ಬೆರಳಿಗೆ ಹತ್ತಿದ ಮಣ್ಣನ್ನೇ ನೋಡುತ್ತ ಕೂತಳು. ಐದು ಟೊಂಗೆಗಳನ್ನು ಒಂದೊಂದಾಗಿ ನೆನೆಸಿಕೊಳ್ಳುತ್ತಿದ್ದಳೇನೋ. ಬಾವಿಯ ಕಟ್ಟೆಯ ಮೇಲೆ ಲಾಡಲೇಸಾಬ ಹಗ್ಗ ಹಿಡಿದು ನಮ್ಮ ಕಡೆಗೇ ನೋಡುತ್ತಿದ್ದ. ನಮ್ಮ ಮಾತು ಕೇಳಿಸುವಷ್ಟು ಹತ್ತಿರ ಅವನಿರಲಿಲ್ಲ. ಅವನ ಕೈ ನಿಂತಿತ್ತು.

"ಎರಡ ವರ್ಷ ಬೈದೆ ಅವರಿಗೆ" ಎಂದಳು ಬೀಬಿಜಾನ, ನನಗಷ್ಟೇ ಕೇಳುವ ಹಾಗೆ. ಕೆದರಿದ ಮಣ್ಣನ್ನು ಬುಡಕ್ಕೆ ತಿರುಗಿ ಸರಿಸಿ, ಅಂಗೈಯಿಂದ ತಟ್ಟಿದಳು. ಎದ್ದು ಬಾವಿಗೆ ಹೋಗಿ ಕೊಡವನ್ನು ಗಂಡನ ಮುಂದೆ ಇಟ್ಟಳು.

ಆಕೆ ಸೋಸುವ ಅರಿವೆಯನ್ನು ಎರಡು ಮಡಿಕೆ ಮಾಡಿ ಕೊಡದ ಬಾಯಿಗೆ ಹಿಡಿದಳು. ಆತ ಬಕೀಟು ಇಳಿಬಿಟ್ಟ, ತುಂಬುವವರೆಗೆ ಹಗ್ಗ ಅಲ್ಲಾಡಿಸಿದ, ಎಳೆದ. ನೀರು ಅರಿವೆಯ ಮೇಲೆ ಬಿದ್ದು ಸೋಸಿ ಒಳಗಿಳಿಯಿತು. ಕೊಡ ಇನ್ನೂ ಅರ್ಧ ಇತ್ತು. ಆಕೆ ಅರಿವೆ ಝಾಡಿಸಿ ಮತ್ತೆ ಹಿಡಿದಳು, ಆತ ಮತ್ತೊಮ್ಮೆ ಬಕೀಟು ಇಳಿಬಿಟ್ಟ.