ನರಿಯಮ್ಮನಿಗೆ ಮಾತು ಕೊಡುವ ಗುಲಾಬಿ

ಇವತ್ತು ಸಂಜೆ ಆ ಕುರ್ಚಿ ತನ್ನದಾಗಿ ಉಳಿದೀತೇ? ಇಡ್ಲಿ ತಟ್ಟೆಗೆ ಎಣ್ಣೆ ಸವರುತ್ತಾ ಗುಲಾಬಿ ತನ್ನೊಳಗೇ ಕೇಳಿಕೊಳ್ಳುತ್ತಾರೆ. ಮಲೇಷ್ಯಾದ ಪುಚೊಂಗ್‌ನಲ್ಲಿ ಇನ್ನೂ ಬೆಳಕು ಹರಿದಿಲ್ಲ. ಕ್ಯಾಂಟೀನಿನ ಒಲೆಯ ಮುಂದೆ ಅವರ ತುಟಿ ಮಾತ್ರ ಅಲ್ಲಾಡುತ್ತಿದೆ: "ಮಗನೇ, ಬಾಲ ಕಂಡಿತೆಂದು ಹೆದರಬೇಡ."

"ಏನಕ್ಕಾ, ಚಟ್ನಿಗೂ ಅರ್ಥ ಹೇಳ್ತಿದ್ದೀಯಾ?" ತೆಂಗಿನಕಾಯಿ ತುರಿಯುತ್ತಿದ್ದ ಚಾಮುಂಡಿ ಛೇಡಿಸುತ್ತಾಳೆ.

ಚಟ್ನಿಗಲ್ಲ, ನರಿಗೆ. ಪ್ರತಿ ಭಾನುವಾರ ಸಂಜೆ ಇಲ್ಲಿನ ಸಮುದಾಯ ಭವನದಲ್ಲಿ ಜಪಾನಿನ ಹಳೆಯ ಮೂಕಿ ಚಿತ್ರಗಳನ್ನು ತೋರಿಸುತ್ತಾರೆ. ಹೆಣ್ಣಿನ ರೂಪದಲ್ಲಿ ಸಂಸಾರ ಮಾಡುವ ನರಿ, ಗುಟ್ಟು ರಟ್ಟಾದ ದಿನ ಕೂಸನ್ನು ಬಿಟ್ಟು ಕಾಡಿಗೆ ಹೊರಡುವ ಜನಪದ ಕಥೆ ಎಲ್ಲರಿಗೂ ಅಚ್ಚುಮೆಚ್ಚು. ಆ ಕಾಲದಲ್ಲಿ ಜಪಾನಿನಲ್ಲಿ ತೆರೆಯ ಪಕ್ಕ ಒಬ್ಬರು ನಿಂತು ಕಥೆ ಹೇಳುತ್ತಿದ್ದರಂತೆ. ಇಲ್ಲಿ ಆ ಜಾಗದಲ್ಲಿ ಗುಲಾಬಿಯವರ ಪ್ಲಾಸ್ಟಿಕ್ ಕುರ್ಚಿ.

ಅವರ ಅಪ್ಪ ಉಡುಪಿ ಕಡೆಯ ತಾಳಮದ್ದಳೆ ಅರ್ಥಧಾರಿ, ವೇಷವಿಲ್ಲದೆ ಕೂತು ಪಾತ್ರದ ಮಾತನ್ನು ಕಟ್ಟಿ ಹೇಳುವವರು. "ನಾನು ಚಾಪೆಯ ಮೂಲೆಯಲ್ಲಿ ಕೂತು ಕೇಳಿದ್ದು, ಅಷ್ಟೆ. ಮಾತಾಡಲಿಕ್ಕೆ ಯಾರು ಬಿಡ್ತಾರೆ?" ಎನ್ನುತ್ತಾರೆ ಗುಲಾಬಿ. ಭವನದ ಮೊದಲ ಪ್ರದರ್ಶನದಲ್ಲಿ ಪಕ್ಕದ ಮಗುವಿಗೆ ಪಿಸುಮಾತಿನಲ್ಲಿ ಕಥೆ ಹೇಳುತ್ತಿದ್ದರು. ಹಿಂದಿನ ಸಾಲಿನವರು, "ಸ್ವಲ್ಪ ಜೋರಾಗಿ ಹೇಳಿ ಅಕ್ಕ" ಎಂದರು. ಹಾಗೆ ಶುರುವಾಯಿತು.

ತೊಂದರೆಯೂ ಅಲ್ಲಿಂದಲೇ. ತಾಳಮದ್ದಳೆಯ ನಾಲಿಗೆಗೆ ಗಡಿಯಾರ ಗೊತ್ತಿಲ್ಲ. ಕಳೆದ ವಾರ ನರಿ ಕಾಡು ಸೇರಿ, ತೆರೆ ಬೆಳ್ಳಗಾದರೂ ಗುಲಾಬಿಯವರ ನರಿ ಗಂಡನ ಜೊತೆ ಧರ್ಮ, ಅಧರ್ಮ ಎಂದು ವಾದಿಸುತ್ತಲೇ ಇತ್ತು. ಸಭೆ ಗೊಳ್ಳೆಂದಿತು. "ಆಂಟಿ, ಫಾಕ್ಸ್ ಗೋನ್ ಆಲ್ರೆಡಿ ಲಾ!" ಎಂದು ಒಬ್ಬ ಹುಡುಗಿ ಇಲ್ಲಿನ ಇಂಗ್ಲಿಷಿನಲ್ಲಿ ಕೂಗಿದಳು. ಸಂಘಟಕ ದಾಮೋದರ ಮರುದಿನವೇ ಚಿತ್ರಕ್ಕೆ ಸರಿಹೊಂದುವ ಇಂಗ್ಲಿಷ್ ಧ್ವನಿಯನ್ನು ರೆಕಾರ್ಡ್ ಮಾಡಿಸಿದರು.

ಇವತ್ತು ಸಂಜೆ ಭವನದಲ್ಲಿ ಅದರ ಪರೀಕ್ಷೆ. ಧ್ವನಿ ನುಣುಪಾಗಿದೆ, ಎಲ್ಲೂ ತಪ್ಪುವುದಿಲ್ಲ. ತೆರೆಯ ಮೇಲೆ ನರಿ ಹೊಸ್ತಿಲು ದಾಟಿ, ತಿರುಗಿ, ಮಲಗಿದ ಕೂಸನ್ನು ನೋಡುತ್ತದೆ. ಅಲ್ಲಿ ಧ್ವನಿ ಸುಮ್ಮನಿದೆ.

"ನಿಮಗೂ ರೆಸ್ಟ್ ಆಗುತ್ತೆ ಗುಲಾಬಿಯಕ್ಕ. ಇದನ್ನೇ ಹಾಕೋಣ ಅಲ್ವಾ?" ದಾಮೋದರ ಕುರ್ಚಿಯನ್ನು ಗೋಡೆಯತ್ತ ಎಳೆಯುತ್ತಾರೆ.

ಯಾರು ಏನು ಕೇಳಿದರೂ "ಆಯ್ತು" ಎನ್ನುವ ಬಾಯಿ ಗುಲಾಬಿಯವರದು. ಈಗಲೂ ಆ ಮಾತು ತುಟಿಯವರೆಗೆ ಬರುತ್ತದೆ. ಹೊಸ್ತಿಲಲ್ಲಿ ನರಿ ಇನ್ನೂ ನಿಂತಿದೆ.

ಗುಲಾಬಿ ಕುರ್ಚಿಯ ಬೆನ್ನು ಹಿಡಿದುಕೊಳ್ಳುತ್ತಾರೆ.

"ಬೇಡ ಮಾರಾಯ್ರೇ. ಮಾತು ಕಮ್ಮಿ ಮಾಡ್ತೇನೆ. ಆದ್ರೆ ನಂಗೆ ಇಲ್ಲಿಂದ ಹೋಗ್ಲಿಕ್ಕೆ ಮನಸ್ಸಿಲ್ಲ."